ಪಂಪ್ ಒತ್ತಿದರೂ ಶಾಂಪೂ ಬರುತ್ತಿಲ್ಲವೇ? ಪದೇ ಪದೇ ಕೇಳುವ ಪ್ರಶ್ನೆಗಳು

ಶಾಂಪೂ, ಕಂಡಿಷನರ್, ಹೇರ್ ಮಾಸ್ಕ್, ಸೀರಮ್, ಎಣ್ಣೆ. ಕೂದಲಿಗೆ ಹಚ್ಚುವ ಬಹಳಷ್ಟು ಪದಾರ್ಥಗಳು ಈಗ ಪಂಪ್ ಬಾಟಲಿಯಲ್ಲೂ ಬರುತ್ತವೆ. ಪಂಪ್ ಸರಿಯಾಗಿದ್ದಷ್ಟು ದಿನ ಅದರ ಕಡೆ ಯಾರೂ ತಿರುಗಿ ನೋಡುವುದಿಲ್ಲ. ಅದು ಕೈಕೊಡುವುದು ಮಾತ್ರ ತಲೆ ಪೂರ್ತಿ ನೆನೆಸಿಕೊಂಡು ನಿಂತಾಗಲೇ! ಜನ ಮತ್ತೆ ಮತ್ತೆ ಕೇಳುವ ಪ್ರಶ್ನೆಗಳನ್ನು ಅವರ ಮಾತಿನಲ್ಲೇ ಇಟ್ಟು ಉತ್ತರ ಬರೆದಿದ್ದೇನೆ. ಒಂದು ವಿಷಯ ಮೊದಲೇ ಹೇಳಿಬಿಡುತ್ತೇನೆ. ಪಂಪ್ ನಿಂತ ಕೂಡಲೇ ಅದು ಕೆಟ್ಟೇ ಹೋಯಿತು ಅಂದುಕೊಳ್ಳಬೇಡಿ. ಎಲ್ಲೋ ಗಾಳಿ ಸಿಕ್ಕಿಕೊಂಡಿರುತ್ತದೆ, ಇಲ್ಲವೇ ಒಣಗಿದ ಶಾಂಪೂ ದಾರಿ ಕಟ್ಟಿರುತ್ತದೆ. ಎರಡಕ್ಕೂ ಬೇಕಾದದ್ದು ಬಿಸಿನೀರು ಮತ್ತು ಸ್ವಲ್ಪ ತಾಳ್ಮೆ. ಜೋರು ಮಾಡಿದರೆ ಮಾತ್ರ ನಿಜವಾಗಿಯೂ ಮುರಿಯುತ್ತದೆ.

## ಮೊದಲ ಸಲ ತೆರೆಯುವಾಗ

ತಲೆ, ಕಾಲರ್, ಮೂತಿ ಅಂತೀರಲ್ಲ, ಯಾವುದು ಯಾವುದು?

ನೀವು ಒತ್ತುವ ಭಾಗ ತಲೆ. ಅದರಿಂದ ಮುಂದಕ್ಕೆ ಚಾಚಿಕೊಂಡಿರುವುದು ಮೂತಿ. ತಲೆಯ ಕೆಳಗೆ, ಬಾಟಲಿಯ ಕೊರಳಿಗೆ ತಿರುಪಿನಿಂದ ಕೂರುವ ಅಗಲವಾದ ಮುಚ್ಚಳವೇ ಕಾಲರ್. ಕಾಲರ್ ಬಿಚ್ಚಿ ಎತ್ತಿದರೆ ಕೆಳಗೆ ಬೆರಳು ಗಾತ್ರದ ಒಂದು ಕೋಣೆ ಕಾಣುತ್ತದೆ. ಸ್ಪ್ರಿಂಗ್, ಪಿಸ್ಟನ್ ಮತ್ತು ತಳದಲ್ಲಿ ಒಂದು ಪುಟ್ಟ ಗುಂಡು ಸಾಮಾನ್ಯವಾಗಿ ಇರುವುದು ಇಲ್ಲೇ. ಗುಂಡು ಗಾಜಿನದೋ ಸ್ಟೀಲಿನದೋ ಆಗಿರುತ್ತದೆ. ಕೋಣೆಯ ಕೆಳಗೆ ಬಾಟಲಿಯ ತಳದವರೆಗೆ ಇಳಿಯುವ ಉದ್ದದ ಕೊಳವೆ.

ಇದು ಕೆಲಸ ಮಾಡುವ ಬಗೆ ಸರಳ. ತಲೆ ಒತ್ತಿದಾಗ ಗುಂಡು ತನ್ನ ಗುಳಿಯಲ್ಲಿ ಕೂತು ಕೆಳಗಿನ ದಾರಿ ಮುಚ್ಚುತ್ತದೆ. ಕೋಣೆಯಲ್ಲಿದ್ದ ಶಾಂಪೂಗೆ ಬೇರೆ ದಾರಿ ಇಲ್ಲ, ಮೂತಿಯಿಂದ ಹೊರಗೆ ಬರುತ್ತದೆ. ಕೈ ಬಿಟ್ಟಾಗ ಸ್ಪ್ರಿಂಗ್ ಪಿಸ್ಟನ್ನನ್ನು ಮೇಲಕ್ಕೆ ತಳ್ಳುತ್ತದೆ, ಗುಂಡು ಏಳುತ್ತದೆ, ಕೊಳವೆಯಿಂದ ಹೊಸ ಶಾಂಪೂ ಕೋಣೆಗೆ ಏರುತ್ತದೆ. ಇಷ್ಟು ತಲೆಯಲ್ಲಿದ್ದರೆ ಮುಂದಿನ ಉತ್ತರಗಳೆಲ್ಲ ಸುಲಭ.

ಹೊಸ ಬಾಟಲಿ ತಂದೆ. ತಲೆ ಕೆಳಗೇ ಕೂತಿದೆ, ಮೇಲೆ ಏಳ್ತಾನೇ ಇಲ್ಲ. ಕೆಟ್ಟಿರೋದು ಕೊಟ್ಟಿದ್ದಾರಾ?

ಇಲ್ಲ, ಲಾಕ್ ಆಗಿದೆ ಅಷ್ಟೇ. ಸಾಗಿಸುವಾಗ ಚೆಲ್ಲಬಾರದು ಎಂದು ತಲೆಯನ್ನು ಒತ್ತಿ, ಕಾಲರಿನ ಒಳತಿರುಪಿಗೆ ಸಿಕ್ಕಿಸಿರುತ್ತಾರೆ. ಒಂದು ಕೈಯಲ್ಲಿ ಕಾಲರನ್ನು ಗಟ್ಟಿಯಾಗಿ ಹಿಡಿಯಿರಿ. ಬಾಟಲಿಯ ಹೊಟ್ಟೆಯನ್ನಲ್ಲ, ಕಾಲರನ್ನೇ. ಇನ್ನೊಂದು ಕೈಯಲ್ಲಿ ತಲೆಯನ್ನು ಎಡಕ್ಕೆ, ಅಂದರೆ ಗಡಿಯಾರದ ಮುಳ್ಳು ತಿರುಗುವುದಕ್ಕೆ ಎದುರಾಗಿ ತಿರುಗಿಸಿ. ಒಂದೆರಡು ಸುತ್ತಿನೊಳಗೆ ತಿರುಪು ಮುಗಿದು ತಲೆ ಟಪ್ ಎಂದು ಮೇಲಕ್ಕೆ ಹಾರುತ್ತದೆ. ಬಹಳಷ್ಟು ಪಂಪ್‌ಗಳ ತಲೆಯ ಮೇಲೆ ಬಾಣದ ಗುರುತು ಅಚ್ಚಾಗಿರುತ್ತದೆ. ಬಣ್ಣ ಇರುವುದಿಲ್ಲ, ಬೆಳಕಿಗೆ ಓರೆಯಾಗಿ ಹಿಡಿದರೆ ಕಾಣುತ್ತದೆ. ಮೂತಿಯನ್ನೇ ಹಿಡಿಕೆ ಮಾಡಿಕೊಂಡು ಮೇಲಕ್ಕೆ ಎಳೆಯಬೇಡಿ. ಎಳೆದರೆ ತಲೆ, ಅದನ್ನು ಕೆಳಗಿನ ಪಿಸ್ಟನ್ನಿಗೆ ಸೇರಿಸುವ ಕಡ್ಡಿಯಿಂದ ಕಿತ್ತು ಕೈಗೆ ಬರುತ್ತದೆ, ಲಾಕ್ ಹಾಗೇ ಉಳಿಯುತ್ತದೆ.

ತಲೆ ತಿರುಗಿಸಿದ್ರೆ ಮುಚ್ಚಳ ಪೂರ್ತಿ ಬಿಚ್ಕೊಂಡು ಬರ್ತಿದೆ, ತಲೆ ಮಾತ್ರ ಹಾಗೇ ಇದೆ. ಏನ್ ಮಾಡ್ಲಿ?

ಎಲ್ಲರಿಗಿಂತ ಜಾಸ್ತಿ ಕೇಳುವ ಪ್ರಶ್ನೆ ಇದೇ. ತಲೆಯ ಲಾಕ್ ಮತ್ತು ಕಾಲರ್ ಎರಡೂ ಒಂದೇ ದಿಕ್ಕಿಗೆ ಬಿಚ್ಚುತ್ತವೆ. ಯಾವುದು ಸಡಿಲವೋ ಅದು ಮೊದಲು ಬಿಚ್ಚಿಕೊಳ್ಳುತ್ತದೆ. ಮೊದಲು ಕಾಲರನ್ನು ಬಲಕ್ಕೆ ಚೆನ್ನಾಗಿ ಬಿಗಿ ಮಾಡಿ, ಆಮೇಲೆ ಅದನ್ನು ಅಲುಗಾಡದಂತೆ ಹಿಡಿದು ತಲೆ ತಿರುಗಿಸಿ.

ಆಗಲೂ ಆಗದಿದ್ದರೆ ಪಂಪನ್ನು ಪೂರ್ತಿ ಹೊರಗೆ ತೆಗೆದುಬಿಡಿ. ಕೊಳವೆಯನ್ನೂ ಕೋಣೆಯನ್ನೂ ಬಟ್ಟೆಯಿಂದ ಒರೆಸಿ. ಈಗ ಕೋಣೆ ಮತ್ತು ಕಾಲರ್ ಎರಡನ್ನೂ ಒಟ್ಟಿಗೆ ಒಣ ಬಟ್ಟೆಯಲ್ಲಿ ಮುಷ್ಟಿ ಮಾಡಿ ಹಿಡಿದು ತಲೆಯನ್ನು ಎಡಕ್ಕೆ ತಿರುಗಿಸಿ. ಕೋಣೆಯನ್ನು ಹಿಡಿಯುವುದೇ ಇಲ್ಲಿ ಮುಖ್ಯ. ಕೆಲವು ಪಂಪ್‌ಗಳಲ್ಲಿ ಕಾಲರ್ ಸುಮ್ನೆ ಸುತ್ತುತ್ತದೆ, ಲಾಕ್ ತಿರುಪು ಇರುವುದು ಕೋಣೆಯ ಮೇಲ್ತುದಿಯಲ್ಲಿ. ಅಂಥದ್ದರಲ್ಲಿ ಕಾಲರ್ ಎಷ್ಟು ಬಿಗಿ ಹಿಡಿದರೂ ಪ್ರಯೋಜನವಿಲ್ಲ.

ತಲೆ ಮೇಲೇ ಇದೆ, ಆದ್ರೆ ಒತ್ತಿದ್ರೆ ಕಲ್ಲಿನ ಥರ ನಿಂತಿದೆ.

ಇದು ಮೇಲೆಯೇ ಲಾಕ್ ಆಗುವ ಬಗೆ. ತಲೆಯನ್ನು ಪೂರ್ತಿ ಸುತ್ತಿಸಬೇಕಿಲ್ಲ, ಎಡಕ್ಕೋ ಬಲಕ್ಕೋ ಸ್ವಲ್ಪ ತಿರುಗಿಸಿದರೆ ಸಾಕು. ಸರಿಯಾದ ಜಾಗಕ್ಕೆ ಬಂದಾಗ ಕಿಟ್ ಎಂಬ ಸದ್ದು ಕೈಗೇ ಗೊತ್ತಾಗುತ್ತದೆ. ತಲೆಯ ಕೆಳಗೆ, ಕಡ್ಡಿಯ ಸುತ್ತ ಅರ್ಧ ಬಳೆಯಂಥ ಪ್ಲಾಸ್ಟಿಕ್ ಕ್ಲಿಪ್ ಇದೆಯಾ ಎಂದೂ ನೋಡಿ. ಇದ್ದರೆ ಅದನ್ನು ಪಕ್ಕಕ್ಕೆ ಎಳೆದು ತೆಗೆಯಿರಿ. ಎಸೆಯಬೇಡಿ, ಪ್ರಯಾಣಕ್ಕೆ ಬೇಕಾಗುತ್ತದೆ.

ಕೈ ಜಾರತ್ತೆ, ಎಷ್ಟು ತಿರುಗಿಸಿದ್ರೂ ಜಗ್ಗಲ್ಲ. ಇಕ್ಕಳ ಹಾಕ್ಲಾ?

ಇಕ್ಕಳ ಕೊನೆಗಿರಲಿ. ಮೊದಲು ಕೈ, ಬಾಟಲಿ ಎರಡನ್ನೂ ಒರೆಸಿಕೊಳ್ಳಿ. ಸೀರಮ್ ಬಾಟಲಿಯಾದರೆ ಸುಮ್ನೆ ನೀರಲ್ಲಿ ತೊಳೆದರೆ ಸಾಲದು. ಅದರಲ್ಲಿರುವ ಸಿಲಿಕೋನ್ ನೀರಿಗೆ ಬಿಡುವುದಿಲ್ಲ, ಪಾತ್ರೆ ತೊಳೆಯುವ ಸೋಪು ಹಚ್ಚಿ ತೊಳೆಯಬೇಕು. ಆಮೇಲೆ ರಬ್ಬರ್ ಗ್ಲೌಸ್ ಹಾಕಿಕೊಳ್ಳಿ, ಇಲ್ಲವೇ ತಲೆಗೆ ಒಂದು, ಕಾಲರಿಗೆ ಒಂದು ಅಗಲದ ರಬ್ಬರ್ ಬ್ಯಾಂಡ್ ಸುತ್ತಿ. ಹಿಡಿತ ಬದಲಾಗುವುದು ತಕ್ಷಣ ಗೊತ್ತಾಗುತ್ತದೆ.

ಅದಕ್ಕೂ ಬಗ್ಗದಿದ್ದರೆ ಕಾಲರಿನ ಮೇಲೆ ಒಂದೆರಡು ನಿಮಿಷ ಬಿಸಿನೀರು ಬಿಡಿ. ತಿರುಪಿನ ಸಂದಿಯಲ್ಲಿ ಒಣಗಿದ್ದು ಕರಗುತ್ತದೆ, ಪ್ಲಾಸ್ಟಿಕ್ಕೂ ತುಸು ಸಡಿಲವಾಗುತ್ತದೆ. ಕೈ ತಡೆಯುವಷ್ಟು ಬಿಸಿ ಸಾಕು, ಕುದಿಯುವ ನೀರು ಬೇಡವೇ ಬೇಡ. ಪಾರದರ್ಶಕ ಪೆಟ್ ಬಾಟಲಿಗಳು 70 ಡಿಗ್ರಿ ದಾಟುತ್ತಿದ್ದಂತೆ ಮೆತ್ತಗಾಗಿ ಸೊಟ್ಟಗಾಗುತ್ತವೆ. ಇಕ್ಕಳ ಹಾಕಲೇಬೇಕು ಎಂದರೆ ಬಟ್ಟೆ ಸುತ್ತಿ ಕಾಲರಿಗೆ ಮಾತ್ರ ಹಾಕಿ, ತಲೆಯನ್ನು ಕೈಯಲ್ಲೇ ತಿರುಗಿಸಿ. ಚಾಕು, ಸ್ಕ್ರೂಡ್ರೈವರ್ ಹತ್ತಿರ ತರಬೇಡಿ. ಒದ್ದೆ ಕೈ, ಜಾರುವ ಪ್ಲಾಸ್ಟಿಕ್, ಚೂಪು ಮೊನೆ ಮೂರೂ ಸೇರಿದರೆ ಗಾಯ ಖಾತ್ರಿ.

ಪಂಪ್ ಬೇರೆ, ಬಾಟಲಿ ಬೇರೆ ಬಂದಿದೆ. ಬಾಟಲಿ ಬಾಯಿಗೆ ಬೆಳ್ಳಿ ಹಾಳೆ ಅಂಟಿಸಿದ್ದಾರೆ. ಕೊಳವೆಯಿಂದಲೇ ಚುಚ್ಚಿಬಿಡ್ಲಾ?

ಬೇಡ. ಹಾಳೆಯನ್ನು ಅಂಚಿನಿಂದ ಪೂರ್ತಿ ಸುಲಿದು ತೆಗೆಯಿರಿ. ಚುಚ್ಚಿದರೆ ಅದರ ಚೂರು ಕೊಳವೆಯ ಬಾಯಿಗೆ ಸಿಕ್ಕಿಕೊಳ್ಳುತ್ತದೆ. ಬಾಟಲಿಯ ಬಾಯಂಚಿನಲ್ಲಿ ಉಳಿದ ಹಾಳೆ ಸುಕ್ಕಾಗಿ, ಕಾಲರಿನ ಒಳಗಿರುವ ತೆಳು ಬಳೆಯಂಥ ವಾಷರ್ ಸರಿಯಾಗಿ ಕೂರುವುದಿಲ್ಲ, ಆಮೇಲೆ ಸೋರುತ್ತದೆ.

ತೆರೆದೆ, ಒತ್ತಿದೆ, ಒತ್ತಿದೆ... ಬರೀ ಗಾಳಿ.

ಹೊಸ ಪಂಪಿನ ಕೋಣೆಯಲ್ಲಿ, ಕೊಳವೆಯಲ್ಲಿ ಇರುವುದೆಲ್ಲ ಗಾಳಿಯೇ. ಅದು ಹೊರಗೆ ಹೋಗುವವರೆಗೆ ಶಾಂಪೂ ಏರುವುದಿಲ್ಲ. ಟಪಟಪ ಒತ್ತಬೇಡಿ. ತಲೆಯನ್ನು ತಳದವರೆಗೆ ನಿಧಾನವಾಗಿ ಒತ್ತಿ, ಪೂರ್ತಿ ಮೇಲೆ ಬರಲು ಬಿಡಿ. ತೆಳು ಶಾಂಪೂ ಬೇಗ ಬರುತ್ತದೆ, ಗಟ್ಟಿ ಮಾಸ್ಕ್‌ಗೆ ಹತ್ತಾರು ಸಲ ಬೇಕಾದರೂ ಆಶ್ಚರ್ಯವಿಲ್ಲ.

ಒಂದು ಉಪಾಯ ಇದೆ. ತಲೆ ಒತ್ತಿ ಹಿಡಿದು, ಮೂತಿಯ ತೂತಿಗೆ ಒದ್ದೆ ಬೆರಳು ಒತ್ತಿಟ್ಟು, ಆಮೇಲೆ ತಲೆಯನ್ನು ಮೇಲೇಳಲು ಬಿಡಿ. ಮೇಲಿನಿಂದ ಗಾಳಿ ಹೀರುವ ದಾರಿ ಮುಚ್ಚಿದ್ದರಿಂದ ಪಂಪ್ ಕೆಳಗಿನಿಂದಲೇ ಎಳೆಯಬೇಕಾಗುತ್ತದೆ. ಮತ್ತೆ ಒತ್ತುವ ಮುಂಚೆ ಬೆರಳು ತೆಗೆಯಿರಿ. ಮೂರ್ನಾಲ್ಕು ಸಲ ಹೀಗೆ ಮಾಡಿದರೆ ಹಟಮಾರಿ ಪಂಪ್ ಕೂಡ ದಾರಿಗೆ ಬರುವುದುಂಟು.

## ದಿನನಿತ್ಯದ ರಗಳೆ

ನಿನ್ನೆವರೆಗೂ ಚೆನ್ನಾಗಿತ್ತು. ಇವತ್ತು ಇದ್ದಕ್ಕಿದ್ದಂತೆ ಬರ್ತಿಲ್ಲ. ಎಲ್ಲಿಂದ ನೋಡೋದು?

ಮೇಲಿನಿಂದ ಕೆಳಕ್ಕೆ ನೋಡುತ್ತಾ ಬನ್ನಿ. ಮೊದಲು ಮೂತಿ. ಕೊನೆಯ ಹನಿ ಅಲ್ಲೇ ಒಣಗಿ ಮೇಣದಂತೆ ಕೂತಿದ್ದರೆ ಟೂತ್‌ಪಿಕ್‌ನಿಂದ ಹೊರಕ್ಕೆ ಎಳೆದು ತೆಗೆಯಿರಿ. ಒಳಕ್ಕೆ ತಳ್ಳಬೇಡಿ. ಆಮೇಲೆ ಕಾಲರ್ ಸಡಿಲವಾಗಿದೆಯಾ ನೋಡಿ. ಪಂಪನ್ನು ಎತ್ತಿ ಕೊಳವೆ ಇನ್ನೂ ಕೋಣೆಗೆ ಅಂಟಿಕೊಂಡೇ ಇದೆಯಾ ನೋಡಿ. ಕೊಳವೆ ಕಳಚಿ ಬಾಟಲಿಯೊಳಗೆ ಬೀಳುವುದು ಅಪರೂಪವೇನಲ್ಲ. ಬಾಟಲಿ ಅರ್ಧ ಖಾಲಿಯಾಗುವವರೆಗೆ ಅದು ಗೊತ್ತೂ ಆಗುವುದಿಲ್ಲ, ಏಕೆಂದರೆ ಅಲ್ಲಿವರೆಗೆ ಕೋಣೆಯ ತಳವೇ ಶಾಂಪೂವಿನಲ್ಲಿ ಮುಳುಗಿರುತ್ತದೆ! ಚಿಮುಟದಿಂದ ತೆಗೆದು, ತೊಳೆದು, ಕೋಣೆಯ ತುದಿಗೆ ಗಟ್ಟಿಯಾಗಿ ತುರುಕಿದರೆ ಆಯಿತು. ಕೊಳವೆಯ ಮೇಲ್ಭಾಗ ಸೀಳಿದ್ದರೂ ಇದೇ ಕಥೆ. ತೂತಾದ ಸ್ಟ್ರಾದಲ್ಲಿ ಹೀರಿದ ಹಾಗೆ, ಬರೀ ಗಾಳಿ ಬರುತ್ತದೆ. ಸೀಳಿದಷ್ಟನ್ನು ಕತ್ತರಿಸಿ ಉಳಿದದ್ದನ್ನು ಸಿಕ್ಕಿಸಿ.

ಇಷ್ಟೂ ಸರಿಯಿದ್ದರೆ ಲೋಟದ ಪರೀಕ್ಷೆ ಮಾಡಿ. ಪಂಪನ್ನು ಬಾಟಲಿಯಿಂದ ತೆಗೆದು, ಕೊಳವೆಯನ್ನು ಬೆಚ್ಚಗಿನ ನೀರಿನ ಲೋಟದಲ್ಲಿ ಮುಳುಗಿಸಿ, ಮೂತಿಯನ್ನು ಸಿಂಕಿನ ಕಡೆ ತಿರುಗಿಸಿ ಒತ್ತಿ. ಮೊದಲು ನೊರೆ, ಆಮೇಲೆ ಬೆಳ್ಳಗೆ ಮಬ್ಬು ನೀರು, ಕೊನೆಗೆ ತಿಳಿನೀರು ಬಂದರೆ ಪಂಪ್ ಚೆನ್ನಾಗಿದೆ. ಸಮಸ್ಯೆ ಇರುವುದು ಬಾಟಲಿಯಲ್ಲಿರುವ ಪದಾರ್ಥ ತೀರಾ ಗಟ್ಟಿಯಾಗಿರುವುದರಲ್ಲಿ. ನೀರೂ ಬರದಿದ್ದರೆ ಗುಂಡು ತನ್ನ ಗುಳಿಯಲ್ಲಿ ಅಂಟಿಕೊಂಡಿದೆ, ಇಲ್ಲವೇ ಅದರ ಸುತ್ತ ಕೊಳೆ ಕೂತು ದಾರಿ ಮುಚ್ಚುತ್ತಿಲ್ಲ. ಪಂಪನ್ನು ಅರ್ಧ ಗಂಟೆ ಬೆಚ್ಚಗಿನ ಸೋಪುನೀರಿನಲ್ಲಿ ನೆನೆಹಾಕಿ, ತೆಗೆದು ಕಿವಿಯ ಹತ್ತಿರ ಅಲ್ಲಾಡಿಸಿ. ಗುಂಡಿರುವ ಪಂಪ್ ಆದರೆ ಕಟಕಟ ಸದ್ದು ಕೇಳಬೇಕು. ಕೇಳಿದರೆ ಗುಂಡು ಬಿಡಿಸಿಕೊಂಡಿದೆ. ಮತ್ತೆ ಒತ್ತಿ ನೋಡಿ.

ಒತ್ತಿದ ತಲೆ ಕೆಳಗೇ ಕೂರತ್ತೆ, ಇಲ್ಲಾ ಸೋಮಾರಿ ಥರ ನಿಧಾನಕ್ಕೆ ಏಳತ್ತೆ.

ಕಂಡಿಷನರ್, ಮಾಸ್ಕ್‌ಗಳಲ್ಲಿ ಸ್ವಲ್ಪ ನಿಧಾನ ಸಹಜ. ಗಟ್ಟಿ ಪದಾರ್ಥವನ್ನು ಸಣ್ಣ ಕೊಳವೆಯಲ್ಲಿ ಎಳೆಯಲು ಸ್ಪ್ರಿಂಗಿಗೆ ಸಮಯ ಬೇಕು, ಚಳಿಯಲ್ಲಿ ಇನ್ನೂ ಜಾಸ್ತಿ ಬೇಕು. ಬಾಟಲಿಯನ್ನು ಬೆಚ್ಚಗಿನ ನೀರಲ್ಲಿ ಸ್ವಲ್ಪ ಹೊತ್ತು ನಿಲ್ಲಿಸಿ ನೋಡಿ. ತಲೆಯ ಕೆಳಗಿನ ಕಡ್ಡಿಗೆ ಅಂಟು ಕಟ್ಟಿದ್ದರೆ ಅದನ್ನೂ ಒರೆಸಿ. ತೆಳು ಶಾಂಪೂವಿನಲ್ಲೂ ತಲೆ ಏಳದಿದ್ದರೆ ಸ್ಪ್ರಿಂಗ್ ಸೋತಿರಬಹುದು, ಇಲ್ಲವೇ ಮುಂದಿನ ಪ್ರಶ್ನೆಯಲ್ಲಿರುವ ತೊಂದರೆ ಇರಬಹುದು.

ಬಾಟಲಿಯ ಹೊಟ್ಟೆ ಒಳಕ್ಕೆ ಹೋಗಿ ಸೊಟ್ಟಗಾಗಿದೆ. ಯಾರೂ ಹಿಂಡಿಲ್ಲ.

ಒಳಗಿನಿಂದ ಶಾಂಪೂ ಹೊರಬಂದಷ್ಟೂ ಆ ಜಾಗಕ್ಕೆ ಗಾಳಿ ಹೋಗಬೇಕು. ಅದಕ್ಕಾಗಿ ಕೋಣೆಯ ಮೇಲ್ಭಾಗದಲ್ಲಿ, ಕಾಲರಿನ ಮರೆಯಲ್ಲಿ, ಸೂಜಿ ತೂತಿನಷ್ಟು ಸಣ್ಣ ಗಾಳಿಕಂಡಿ ಇರುತ್ತದೆ. ಅದಕ್ಕೆ ಕಂಡಿಷನರ್ ಮೆತ್ತಿಕೊಂಡರೆ ಗಾಳಿ ಒಳಗೆ ಹೋಗುವುದಿಲ್ಲ, ಬಾಟಲಿಯ ಗೋಡೆಯೇ ಒಳಕ್ಕೆ ಜಗ್ಗುತ್ತದೆ. ಕಾಲರನ್ನು ಅರ್ಧ ಸುತ್ತು ಸಡಿಲ ಮಾಡಿ. ಸುಯ್ ಎಂದು ಗಾಳಿ ಒಳನುಗ್ಗಿ ಬಾಟಲಿ ಉಬ್ಬಿಕೊಂಡರೆ ತೊಂದರೆ ಇದೇ ಎಂದು ಖಾತ್ರಿ. ಪಂಪ್ ತೆಗೆದು ಆ ತೂತನ್ನು ಬಿಸಿನೀರಿನಲ್ಲಿ ತೊಳೆಯಿರಿ. ಬಾಟಲಿಯನ್ನು ಮಲಗಿಸಿ ಇಡುವ ಅಭ್ಯಾಸ ಇದ್ದರೆ ಬಿಡಿ, ಮಲಗಿಸಿದಾಗಲೇ ಅಲ್ಲಿಗೆ ಶಾಂಪೂ ಹೋಗುವುದು.

ನೇರವಾಗಿ ಬರೋ ಬದಲು ಪಕ್ಕಕ್ಕೆ ಚಿಮ್ಮತ್ತೆ. ಒಂದ್ಸಲ ಕಣ್ಣಿಗೇ ಬಿತ್ತು.

ಮೂತಿಯ ತೂತು ಅರ್ಧ ಮುಚ್ಚಿದೆ. ಉಳಿದ ಕಿರಿದಾದ ಸಂದಿಯಿಂದ ಶಾಂಪೂ ವೇಗವಾಗಿ, ಓರೆಯಾಗಿ ಹಾರುತ್ತದೆ. ಜೋರಾಗಿ ಒತ್ತಿ ಬಿಡಿಸಲು ಹೋಗಬೇಡಿ. ತಲೆಯನ್ನು ಬೆಚ್ಚಗಿನ ನೀರಲ್ಲಿ ಅದ್ದಿ, ಮೆತ್ತಗಾದ ಮೇಲೆ ತೆಗೆಯಿರಿ. ಪರೀಕ್ಷಿಸುವಾಗ ಮೂತಿ ಗೋಡೆಯ ಕಡೆಗಿರಲಿ. ಕಣ್ಣಿಗೆ ಬಿದ್ದರೆ ಉಜ್ಜದೆ, ಶುದ್ಧ ನೀರನ್ನು ಕೆಲವು ನಿಮಿಷ ಧಾರೆಯಾಗಿ ಹಾಕಿ ತೊಳೆಯಿರಿ. ಲೆನ್ಸ್ ಹಾಕಿದ್ದರೆ ತೆಗೆಯಿರಿ. ಉರಿ, ಮಂಜು ಹೋಗದಿದ್ದರೆ ಕಣ್ಣಿನ ವೈದ್ಯರಿಗೆ ತೋರಿಸಿ.

ಬಳಸಿ ಇಟ್ಟ ಮೇಲೂ ಮೂತಿಯಿಂದ ತೊಟ್ಟಿಕ್ಕುತ್ತಾ ಇರತ್ತೆ.

ಒತ್ತಿದ ಮೇಲೆ ತಲೆಯನ್ನು ಪೂರ್ತಿ ಏಳಲು ಬಿಡಿ, ಮೂತಿಯ ತುದಿಯನ್ನು ಬೆರಳಿನಿಂದ ಒರೆಸಿ. ಬಾಟಲಿಯನ್ನು ಬಿಸಿಲು ಬೀಳುವ ಕಿಟಕಿಯಲ್ಲಿ ಇಟ್ಟಿದ್ದರೆ ಜಾಗ ಬದಲಿಸಿ. ಒಳಗಿನ ಗಾಳಿ ಕಾದು ಹಿಗ್ಗಿ ಶಾಂಪೂವನ್ನು ಮೇಲಕ್ಕೆ ತಳ್ಳುತ್ತದೆ.

ಸ್ನಾನದ ಮನೇಲಿ ಇಟ್ಟ ಶಾಂಪೂ ಬರ್ತಾ ಬರ್ತಾ ನೀರಾಗತ್ತೆ. ನಾನು ನೀರು ಹಾಕಿಲ್ಲ!

ನೀವು ಹಾಕಿಲ್ಲ, ಶವರ್ ಹಾಕಿದೆ. ಗಾಳಿ ಹೋಗುವ ಸಂದಿಯಿಂದಲೇ ನೀರೂ ಹೋಗಬಲ್ಲದು. ತಲೆಯ ಮೇಲೆ ಬಿದ್ದ ನೀರು ಕಡ್ಡಿಯ ಗುಂಟ ಇಳಿದು ಕಾಲರಿನ ಗುಳಿಯಲ್ಲಿ ನಿಲ್ಲುತ್ತದೆ. ನೀವು ಒತ್ತಿ ಬಿಟ್ಟಾಗ ಪಂಪ್ ಗಾಳಿಯ ಜತೆ ಅದನ್ನೂ ಒಳಕ್ಕೆ ಎಳೆದುಕೊಳ್ಳುತ್ತದೆ. ತೆಳ್ಳಗಾಗುವುದು ಸಣ್ಣ ತೊಂದರೆ. ಶಾಂಪೂ ಕೆಡದಂತೆ ಹಾಕಿರುವ ಪದಾರ್ಥದ ಬಲವೂ ನೀರು ಬೆರೆತಷ್ಟು ಕಡಿಮೆಯಾಗುತ್ತದೆ ಎನ್ನುವುದು ದೊಡ್ಡದು. ನೀರು ಬೆರೆತ ಸೋಪು, ಶಾಂಪೂಗಳಲ್ಲಿ ಸ್ಯೂಡೋಮೊನಾಸ್‌ನಂಥ ಬ್ಯಾಕ್ಟೀರಿಯಾ ಬೆಳೆಯುವುದು ಗೊತ್ತಿರುವ ವಿಷಯವೇ. ಬಾಟಲಿಯನ್ನು ನೀರು ನೇರ ಬೀಳದ ಕಡೆ ಇಡಿ. ಸ್ನಾನ ಆದ ಮೇಲೆ ಕಾಲರಿನ ಗುಳಿಯಲ್ಲಿ ನಿಂತ ನೀರನ್ನು ಚೆಲ್ಲಿ, ಆಮೇಲೆ ಒತ್ತಿ. ವಾಸನೆ, ಬಣ್ಣ ಬದಲಾಗಿದ್ದರೆ ಎಷ್ಟೇ ದುಬಾರಿಯದಾದರೂ ಬಳಸಬೇಡಿ.

ಒಂದು ಸಲ ಒತ್ತಿದ್ರೆ ಎಷ್ಟು ಬರತ್ತೆ? ಬೇಗ ಖಾಲಿ ಆಗ್ತಿದೆ ಅನ್ಸತ್ತೆ.

ಸಾಮಾನ್ಯ ಶಾಂಪೂ ಪಂಪ್ ಪೂರ್ತಿ ಒತ್ತಿದರೆ 2 ಮಿಲಿ ಆಸುಪಾಸು ಕೊಡುತ್ತದೆ. ಲೀಟರ್ ಬಾಟಲಿಗಳ ದೊಡ್ಡ ಪಂಪ್ 4 ಮಿಲಿವರೆಗೂ ಕೊಡಬಹುದು. ಸೀರಮ್ ಪಂಪ್‌ನಲ್ಲಿ ಅರ್ಧ ಮಿಲಿಗಿಂತಲೂ ಕಡಿಮೆ. ನಿಮ್ಮದು ಎಷ್ಟು ಎಂದು ನೋಡಲು 5 ಮಿಲಿಯ ಔಷಧಿ ಚಮಚಕ್ಕೆ ಒತ್ತಿ, ಎಷ್ಟು ಸಲಕ್ಕೆ ತುಂಬಿತು ಎಂದು ಎಣಿಸಿ. 2 ಮಿಲಿ ಲೆಕ್ಕದಲ್ಲಿ 300 ಮಿಲಿ ಬಾಟಲಿ 150 ಸಲ ಒತ್ತುವಷ್ಟು. ಬೇಗ ಖಾಲಿಯಾಗುತ್ತಿದ್ದರೆ ತಲೆಯನ್ನು ಅರ್ಧ ಮಾತ್ರ ಒತ್ತುವುದು ಕಲಿಯಿರಿ. ಕಡ್ಡಿಗೆ ಒಂದು ರಬ್ಬರ್ ಬ್ಯಾಂಡನ್ನು ನಾಲ್ಕಾರು ಸುತ್ತು ಹಾಕಿದರೆ ತಲೆ ಅಷ್ಟಕ್ಕೇ ನಿಲ್ಲುತ್ತದೆ. ಮಕ್ಕಳಿರುವ ಮನೆಗೆ ಇದು ಒಳ್ಳೆಯ ಉಪಾಯ.

ತಳದಲ್ಲಿ ಎರಡು ಬೆರಳಷ್ಟು ಉಳಿದಿದೆ, ಪಂಪ್‌ಗೆ ಸಿಗ್ತಿಲ್ಲ.

ಕೊಳವೆಯ ತುದಿಯನ್ನು ಓರೆಯಾಗಿ ಕತ್ತರಿಸಿರುತ್ತಾರೆ. ಸಪಾಟಾಗಿದ್ದರೆ ಅದು ತಳಕ್ಕೆ ಅಂಟಿ ಮುಚ್ಚಿಕೊಳ್ಳುತ್ತಿತ್ತು. ಆ ಓರೆಯ ಕೆಳಗಿನದ್ದು, ಮೂಲೆಗಳಲ್ಲಿರುವುದು, ಗೋಡೆಗೆ ಮೆತ್ತಿದ್ದು ಪಂಪ್‌ಗೆ ಸಿಗುವುದಿಲ್ಲ. ಕೊಳವೆಯ ತುದಿ ಯಾವ ಕಡೆ ಬಾಗಿದೆ ನೋಡಿ, ಬಾಟಲಿಯನ್ನು ಆ ಕಡೆಗೇ ಓರೆ ಮಾಡಿ ಒತ್ತಿ. ಇನ್ನೂ ಸ್ವಲ್ಪ ಬರುತ್ತದೆ. ಆಮೇಲೆ ಪಂಪ್ ತೆಗೆದು ಸಾದಾ ಮುಚ್ಚಳ ಹಾಕಿ ತಲೆಕೆಳಗಾಗಿ ನಿಲ್ಲಿಸಿ. ಮೆತ್ತನೆಯ ಬಾಟಲಿಯಾದರೆ ಕತ್ತರಿಸಿ ಚಮಚದಲ್ಲಿ ಬಳಿದು ಸಣ್ಣ ಡಬ್ಬಿಗೆ ಹಾಕಿಕೊಳ್ಳಬಹುದು. ಮಾಸ್ಕ್ ಬಾಟಲಿಯಲ್ಲಂತೂ ಬಳಿದಷ್ಟೂ ಬರುತ್ತದೆ.

ಉಳಿದದ್ದಕ್ಕೆ ನೀರು ಹಾಕಿ ಕುಲುಕಿದ್ರೆ ತಪ್ಪಾ?

ಅದೇ ದಿನ ಮುಗಿಸುವುದಾದರೆ ತಪ್ಪಿಲ್ಲ. ವಾರಗಟ್ಟಲೆ ಇಡುವುದಾದರೆ ಬೇಡ.

## ಮತ್ತೆ ತುಂಬಿಸುವುದು, ಪಂಪ್ ಬದಲಿಸುವುದು, ಪ್ರಯಾಣ

ರೀಫಿಲ್ ಪ್ಯಾಕ್ ತಂದೆ. ಹಳೇ ಬಾಟಲಿಗೆ ಹಾಗೇ ಸುರಿಯಬಹುದಾ?

ಹಳೆಯದರ ಮೇಲೆ ಹೊಸದನ್ನು ಸುರಿಯುವುದು ಎಲ್ಲರೂ ಮಾಡುವ ಕೆಲಸ, ನನ್ನ ಪ್ರಕಾರ ಬಿಡಬೇಕಾದ ಅಭ್ಯಾಸವೂ ಹೌದು. ಬಾಟಲಿಯನ್ನು ಬಿಸಿನೀರು, ಸೋಪು ಹಾಕಿ ತೊಳೆಯಿರಿ. ಅದೇ ನೀರನ್ನು ಪಂಪಿನ ಮೂಲಕವೂ ಒತ್ತಿ, ಆಮೇಲೆ ಬರೀ ನೀರು, ಕೊನೆಗೆ ಬರೀ ಗಾಳಿ ಬರುವವರೆಗೆ ಒತ್ತಿ. ಎರಡನ್ನೂ ಪೂರ್ತಿ ಒಣಗಿಸಿ. ಕೊಳವೆಯ ಒಳಗೆ ನೀರ ಹನಿ ನಿಂತಿದೆಯಾ ಎಂದು ಬೆಳಕಿಗೆ ಹಿಡಿದು ನೋಡಿ. ತುಂಬಿಸುವಾಗ ಕುತ್ತಿಗೆವರೆಗೆ ತುಂಬಬೇಡಿ. ಕೋಣೆ ಒಳಗೆ ಇಳಿದಾಗ ಅಷ್ಟೂ ಶಾಂಪೂ ಉಕ್ಕಿ ಹೊರಗೆ ಬರುತ್ತದೆ. ರೀಫಿಲ್ ಪ್ಯಾಕಿನ ಮೇಲೆ ತೆರೆದ ಡಬ್ಬಿಯ ಚಿತ್ರದೊಳಗೆ 12 ಎಂ ಎಂದಿದ್ದರೆ ತೆರೆದ ಮೇಲೆ 12 ತಿಂಗಳು ಬಳಸಬಹುದು ಎಂದರ್ಥ. ಸುರಿದ ತಾರೀಕನ್ನು ಬಾಟಲಿಯ ತಳಕ್ಕೆ ಬರೆದಿಡಿ.

ಶಾಂಪೂ ಪಂಪನ್ನ ಕಂಡಿಷನರ್ ಬಾಟಲಿಗೆ ಹಾಕಿದೆ. ಕೂರ್ತಿಲ್ಲ, ಕೂತ್ರೆ ಸೋರತ್ತೆ.

ಬಾಟಲಿಯ ಕೊರಳಿಗೆ ಅಳತೆ ಇದೆ. 24/410, 28/410, 28/400 ಎಂದು ಬರೆಯುತ್ತಾರೆ. ಮೊದಲ ಸಂಖ್ಯೆ ತಿರುಪಿನ ಹೊರ ಅಂಚಿನಿಂದ ಅಂಚಿಗೆ ಹೆಚ್ಚುಕಡಿಮೆ ಎಷ್ಟು ಮಿಲಿಮೀಟರ್ ಎಂಬುದು. ಎರಡನೆಯದು ತಿರುಪಿನ ಬಗೆ. 400 ಎಂದರೆ ತಿರುಪು ಒಂದು ಸುತ್ತು, 410 ಎಂದರೆ ಒಂದೂವರೆ ಸುತ್ತು, 415 ಎಂದರೆ ಎರಡು. 28/400 ಬಾಟಲಿಗೆ 28/410 ಪಂಪ್ ಹಾಕಿದರೆ ಅಗಲ ಸರಿಹೊಂದಿ ಕೂತಂತೆ ಕಾಣುತ್ತದೆ, ಆದರೆ ಬಿಗಿ ಬರುವುದಿಲ್ಲ. ನೀವು ಹೇಳುವ ಸೋರಿಕೆ ಬಹುಶಃ ಇದೇ. ಬೇರೆ ಪಂಪ್ ಕೊಳ್ಳುವ ಮುಂಚೆ ಕೊರಳನ್ನು ಸ್ಕೇಲಿನಿಂದ ಅಳೆದುಕೊಂಡು ಹೋಗಿ, ಸಾಧ್ಯವಾದರೆ ಬಾಟಲಿಯನ್ನೇ ಒಯ್ಯಿರಿ. ಕಾಲರಿನ ಒಳಗಿನ ತೆಳು ವಾಷರ್ ಹಳೆ ಬಾಟಲಿಯ ಬಾಯಲ್ಲೇ ಅಂಟಿ ಉಳಿದಿದೆಯಾ ಎಂದೂ ನೋಡಿ.

ಹೊಸ ಪಂಪಿನ ಕೊಳವೆ ಉದ್ದ ಆಯ್ತು. ಎಷ್ಟು ಕತ್ತರಿಸ್ಲಿ?

ಕೊಳವೆ ತಳಕ್ಕೆ ತಾಗಿ ತುಸು ಬಾಗಬೇಕು, ಸುರುಳಿ ಸುತ್ತಬಾರದು. ಪಂಪನ್ನು ಬಾಟಲಿಯ ಹೊರಗೆ, ಪಕ್ಕದಲ್ಲಿ ಹಿಡಿಯಿರಿ. ಕಾಲರ್ ಬಾಟಲಿಯ ಕೊರಳಿನ ಮಟ್ಟದಲ್ಲಿರಲಿ. ತಳದ ಅಂಚಿಗೆ ಗುರುತು ಮಾಡಿ, ಅಲ್ಲಿಗೆ ಓರೆಯಾಗಿ ಕತ್ತರಿಸಿ. ಸಂದೇಹ ಇದ್ದರೆ ಉದ್ದವೇ ಬಿಡಿ. ಮತ್ತೆ ಕತ್ತರಿಸಬಹುದು, ಜೋಡಿಸಲಾಗದು.

ವಿಮಾನದಲ್ಲಿ ಬ್ಯಾಗ್ ತೆಗೆದ್ರೆ ಎಲ್ಲಾ ಕಂಡಿಷನರ್. ಲಾಕ್ ಮಾಡಿದ್ದೆ ಕೂಡ!

ಹಾರುವಾಗ ವಿಮಾನದೊಳಗಿನ ಒತ್ತಡ ಸುಮಾರು 1800ರಿಂದ 2400 ಮೀಟರ್ ಎತ್ತರದ ಬೆಟ್ಟದ ಮೇಲಿರುವಷ್ಟೇ ಇರುತ್ತದೆ. ನೆಲದಲ್ಲಿ ಮುಚ್ಚಿದ ಬಾಟಲಿಯೊಳಗಿನ ಗಾಳಿ ಅಲ್ಲಿ ಮೂರನೇ ಒಂದು ಭಾಗದವರೆಗೂ ಹಿಗ್ಗಲು ನೋಡುತ್ತದೆ. ಜಾಗ ಸಿಗದೆ ಶಾಂಪೂವನ್ನು ಕೊಳವೆಯಲ್ಲಿ, ಸಂದಿಯಲ್ಲಿ ಹೊರಕ್ಕೆ ನೂಕುತ್ತದೆ. ಅರ್ಧ ಖಾಲಿ ಬಾಟಲಿಯಲ್ಲಿ ಗಾಳಿ ಜಾಸ್ತಿ, ಹಾಗಾಗಿ ಸೋರುವುದೂ ಜಾಸ್ತಿ. ಲಾಕ್ ಮಾಡಿದ ತಲೆ ಬ್ಯಾಗಿನಲ್ಲಿ ಉಜ್ಜಾಡಿ ತಿರುಗಿ ತೆರೆದುಕೊಳ್ಳುವುದೂ ಉಂಟು.

ಪಂಪನ್ನು ತೆಗೆದು ಬೇರೆ ಇಟ್ಟು, ಬಾಟಲಿಗೆ ಸಾದಾ ತಿರುಪಿನ ಮುಚ್ಚಳ ಹಾಕುವುದೇ ಸರಿಯಾದ ದಾರಿ. ಬಾಯಿಗೆ ಒಂದು ಪ್ಲಾಸ್ಟಿಕ್ ಹಾಳೆ ಇಟ್ಟು ಮುಚ್ಚಳ ತಿರುಗಿಸಿ. ಮುಚ್ಚುವ ಮುಂಚೆ ಬಾಟಲಿಯನ್ನು ಸ್ವಲ್ಪ ಹಿಂಡಿ ಗಾಳಿ ಬಿಡಿ. ಪಂಪ್ ಇಟ್ಟೇ ಒಯ್ಯಬೇಕೆಂದರೆ ಒತ್ತಿ ಬಲಕ್ಕೆ ತಿರುಗಿಸಿ ಲಾಕ್ ಮಾಡಿ, ತಲೆಯಿಂದ ಕಾಲರಿಗೆ ಟೇಪ್ ಸುತ್ತಿ, ಜಿಪ್ ಇರುವ ಕವರಿಗೆ ಹಾಕಿ. ಕೈಚೀಲದಲ್ಲಾದರೆ ಬಹಳ ವಿಮಾನ ನಿಲ್ದಾಣಗಳಲ್ಲಿ ಒಂದೊಂದು ಬಾಟಲಿ 100 ಮಿಲಿ ಮೀರಬಾರದು. ಬಾಟಲಿಯಲ್ಲಿ ಉಳಿದಿರುವುದು ಎಷ್ಟು ಎಂದಲ್ಲ, ಬಾಟಲಿಯ ಅಳತೆ ಎಷ್ಟು ಎಂದು ನೋಡುತ್ತಾರೆ.

## ಬೇರೆ ಬಗೆಯ ಪಂಪ್, ಸ್ವಲ್ಪ ಆಳದ ಪ್ರಶ್ನೆಗಳು

ನನ್ನ ಸೀರಮ್ ಬಾಟಲಿಗೆ ಕೊಳವೆಯೇ ಇಲ್ಲ. ಅರ್ಧ ಇರುವಾಗಲೇ ಬರೋದು ನಿಂತಿದೆ.

ಇದು ಏರ್‌ಲೆಸ್ ಪಂಪ್. ಬಾಟಲಿಯ ತಳದಲ್ಲಿ ಒಂದು ಬಿಲ್ಲೆ ಇದ್ದು, ಸೀರಮ್ ಖಾಲಿಯಾದಂತೆ ಅದೇ ಮೇಲಕ್ಕೆ ಏರುತ್ತದೆ. ಒಳಗೆ ಗಾಳಿಗುಳ್ಳೆ ಸಿಕ್ಕಿದರೆ ಪಂಪ್ ಸುಮ್ನೆ ಗಾಳಿಯನ್ನೇ ಹಿಂಡುತ್ತದೆ. ಗುಳ್ಳೆ ಪಂಪಿನ ಹತ್ತಿರಕ್ಕೆ ಏರಲಿ ಎಂದು ಬಾಟಲಿಯನ್ನು ನೆಟ್ಟಗೆ ಹಿಡಿದು, ತಳವನ್ನು ಅಂಗೈಗೆ ಕೆಲವು ಸಲ ಕುಟ್ಟಿ, ಆಮೇಲೆ ನಿಧಾನವಾಗಿ ಒತ್ತುತ್ತಾ ಹೋಗಿ. ತಳದಲ್ಲಿ ಒಂದು ಸಣ್ಣ ತೂತು ಕಾಣುತ್ತದೆ. ಬಿಲ್ಲೆಯ ಹಿಂದೆ ಗಾಳಿ ಹೋಗಲು ಇರುವುದು ಅದು. ಬೆಲೆ ಚೀಟಿ, ಟೇಪ್ ಏನಾದರೂ ಅಂಟಿದ್ದರೆ ಕಿತ್ತುಹಾಕಿ. ಬಿಲ್ಲೆ ಅಂಟಿಕೊಂಡಿದ್ದರೆ ಆ ತೂತಿನಿಂದ ಮೊಂಡು ಕಡ್ಡಿ ಹಾಕಿ ಮೆಲ್ಲಗೆ ತಳ್ಳಬಹುದು.

ನೊರೆ ಬರೋ ಪಂಪ್‌ಗೆ ಮಾಮೂಲಿ ಶಾಂಪೂ ಹಾಕಿದೆ. ಈಗ ಒತ್ತೋಕೇ ಆಗ್ತಿಲ್ಲ.

ನೊರೆ ಪಂಪಿನಲ್ಲಿ ಎರಡು ಕೋಣೆ, ಒಂದು ದ್ರವಕ್ಕೆ, ಒಂದು ಗಾಳಿಗೆ. ಎರಡೂ ಬೆರೆತು ಬಹಳ ಸಣ್ಣ ಕಣ್ಣಿನ ಜಾಲರಿಯಲ್ಲಿ ತೂರಿ ನೊರೆಯಾಗುತ್ತದೆ. ಗಟ್ಟಿ ಶಾಂಪೂ ಆ ಜಾಲರಿಯನ್ನು ಮುಚ್ಚಿಬಿಡುತ್ತದೆ. ಬೆಚ್ಚಗಿನ ನೀರಿನಲ್ಲಿ ನೆನೆಹಾಕಿ, ತಿಳಿನೀರು ಬರುವವರೆಗೆ ಒತ್ತಿ. ಜಾಲರಿಗೆ ಪಿನ್ ಚುಚ್ಚಬೇಡಿ. ಹರಿದರೆ ನೊರೆ ಎಂದೂ ಬರುವುದಿಲ್ಲ. ಅದಕ್ಕೆ ನೀರಿನಷ್ಟು ತೆಳುವಾದದ್ದೇ ಬೇಕು.

ಕೂದಲಿಗೆ ಹೊಡೆಯೋ ಸ್ಪ್ರೇ ಮಂಜಿನ ಥರ ಬರ್ತಿತ್ತು, ಈಗ ಪಿಚಕಾರಿ ಆಗಿದೆ.

ಮಂಜು ಹುಟ್ಟುವುದು ಮೂತಿಯೊಳಗಿನ ಸುಳಿಯಂಥ ಸಣ್ಣ ಗೆರೆಗಳಲ್ಲಿ. ಅಲ್ಲಿ ಉಪ್ಪೋ ಅಂಟೋ ಕೂತರೆ ಸುಳಿ ಕೆಡುತ್ತದೆ. ಉಪ್ಪುನೀರಿನ ಸ್ಪ್ರೇಗಳಲ್ಲಿ ಇದು ಮಾಮೂಲು, ಬಿಸಿನೀರಿಗೆ ಉಪ್ಪು ಸುಲಭವಾಗಿ ಕರಗುತ್ತದೆ. ಗಡಸು ನೀರಿನ ಬಿಳಿ ಕಲೆಯಾದರೆ ವಿನೆಗರ್‌ನಲ್ಲಿ ನೆನೆಹಾಕಿ. ಹೇರ್ ಸ್ಪ್ರೇ ಥರದ ಅಂಟಿಗೆ ಸ್ಪಿರಿಟ್. ಇಷ್ಟೂ ಕೈಯಿಂದ ಒತ್ತುವ ಸ್ಪ್ರೇಗೆ ಮಾತ್ರ. ಒತ್ತಡದ ಅನಿಲ ತುಂಬಿದ ಲೋಹದ ಡಬ್ಬಿಗೆ ಪಿನ್ ಹಾಕುವುದು, ಬಿಸಿನೀರಲ್ಲಿ ಇಡುವುದು ಅಪಾಯ. ಅದನ್ನು 50 ಡಿಗ್ರಿಗಿಂತ ಹೆಚ್ಚಿನ ಶಾಖಕ್ಕೆ ಒಡ್ಡಬಾರದು ಎಂದು ಡಬ್ಬಿಯ ಮೇಲೇ ಬರೆದಿರುತ್ತದೆ. ಮೇಲಿನ ಗುಂಡಿ ಕಳಚಿ ಬರುವಂತಿದ್ದರೆ ಅದನ್ನಷ್ಟೇ ತೆಗೆದು ತೊಳೆಯಿರಿ.

ಚಳಿ ಬಂದ್ರೆ ಕೊಬ್ಬರಿ ಎಣ್ಣೆ ಪಂಪ್ ಸತ್ತೇ ಹೋಗತ್ತೆ.

ಕೊಬ್ಬರಿ ಎಣ್ಣೆ 24 ಡಿಗ್ರಿ ಆಸುಪಾಸಿನಲ್ಲಿ ಹೆಪ್ಪುಗಟ್ಟಲು ಶುರುವಾಗುತ್ತದೆ. ಕೊಳವೆಯೊಳಗೆ ಹೆಪ್ಪುಗಟ್ಟಿದ್ದಾಗ ಜೋರಾಗಿ ಒತ್ತಿದರೆ ಪಿಸ್ಟನ್ನಿನ ಅಂಚು ಹಾಳಾಗುತ್ತದೆ. ಬಾಟಲಿಯನ್ನು ಬೆಚ್ಚಗಿನ ನೀರಲ್ಲಿ ನಿಲ್ಲಿಸಿ, ಎಣ್ಣೆ ತಿಳಿಯಾದ ಮೇಲೆ ಒತ್ತಿ. ಚಳಿಗಾಲ ಪೂರ್ತಿ ಹೀಗೇ ಆದರೆ ಅಗಲ ಬಾಯಿಯ ಡಬ್ಬಿಯೇ ಒಳ್ಳೆಯದು, ಪಂಪಿನ ಹಟ ಯಾಕೆ?

ಕಲಸಿದ ಹೇರ್ ಕಲರ್ ಉಳೀತು. ಪಂಪ್ ಬಾಟಲಿಗೆ ಹಾಕಿ ಮುಚ್ಚಿಟ್ರೆ ಮುಂದಿನ ಸಲಕ್ಕೆ ಆಗತ್ತಲ್ವಾ?

ಖಂಡಿತ ಬೇಡ. ಬಣ್ಣದ ಜತೆ ಕಲಸುವ ಡೆವಲಪರಿನಲ್ಲಿ ಹೈಡ್ರೋಜನ್ ಪೆರಾಕ್ಸೈಡ್ ಇರುತ್ತದೆ. ಕಲಸಿದ ಮೇಲೆ ಅದು ಒಡೆದು ಆಮ್ಲಜನಕ ಬಿಡುತ್ತಲೇ ಇರುತ್ತದೆ. ಮುಚ್ಚಿದ ಬಾಟಲಿಯಲ್ಲಿ ಒತ್ತಡ ಏರಿ ಅದು ಉಬ್ಬಬಹುದು, ಸಿಡಿಯಲೂಬಹುದು. ಅಲ್ಲದೆ ಬಣ್ಣದ ಶಕ್ತಿಯೂ ಅಷ್ಟರಲ್ಲಿ ಮುಗಿದಿರುತ್ತದೆ. ಉಳಿದದ್ದನ್ನು ಮುಚ್ಚಿಡದೆ ವಿಲೇವಾರಿ ಮಾಡಿ. ಬೇಕಾದಷ್ಟೇ ಕಲಸಿಕೊಳ್ಳಿ.

ಪಂಪನ್ನ ಪೂರ್ತಿ ಬಿಚ್ಚಿ ಸ್ಪ್ರಿಂಗ್ ಸರಿ ಮಾಡ್ಬಹುದಾ?

ಬಿಚ್ಚಬಹುದು, ಆದರೆ ಮತ್ತೆ ಕೂರಿಸುವುದು ಕಷ್ಟ. ಕೋಣೆಯ ಮೇಲಿನ ಬಿಲ್ಲೆ ಒಂದೇ ಸಲ ಒತ್ತಿ ಕೂರಿಸಿದ್ದು, ಕಿತ್ತರೆ ಅದರ ಹಿಡಿತ ಸಡಿಲವಾಗುತ್ತದೆ. ನೆನೆಸಿ, ತೊಳೆದು, ಲೋಟದ ಪರೀಕ್ಷೆ ಮಾಡಿದ ಮೇಲೂ ನೀರು ಎತ್ತದಿದ್ದರೆ ಅಥವಾ ಮೂತಿಯಿಂದ ತುಕ್ಕಿನ ಬಣ್ಣ ಬಂದರೆ ಹೊಸ ಪಂಪ್ ತನ್ನಿ.

ಖಾಲಿ ಬಾಟಲಿನ ಪಂಪ್ ಸಮೇತ ರೀಸೈಕಲ್‌ಗೆ ಹಾಕ್ಬಹುದಾ?

ಬಾಟಲಿ ಸಾಮಾನ್ಯವಾಗಿ ಪೆಟ್ ಅಥವಾ ಎಚ್‌ಡಿಪಿಇ, ಒಂದೇ ಬಗೆಯ ಪ್ಲಾಸ್ಟಿಕ್. ಪಂಪ್ ಹಾಗಲ್ಲ. ಅದರಲ್ಲಿ ಎರಡು ಮೂರು ಬಗೆಯ ಪ್ಲಾಸ್ಟಿಕ್, ಲೋಹದ ಸ್ಪ್ರಿಂಗ್, ಗುಂಡು ಎಲ್ಲ ಬೆರೆತಿರುತ್ತದೆ. ಪಂಪ್ ತೆಗೆದು, ಬಾಟಲಿ ತೊಳೆದು ಹಾಕಿ. ಈಚೆಗೆ ಸ್ಪ್ರಿಂಗೂ ಪ್ಲಾಸ್ಟಿಕ್ಕಿನದ್ದೇ ಆಗಿರುವ ಪಂಪ್‌ಗಳು ಬಂದಿವೆ, ಅಂಥದ್ದಾದರೆ ಲೇಬಲಿನ ಮೇಲೆ ಬರೆದಿರುತ್ತಾರೆ. ಕೆಲಸ ಮಾಡುವ ಪಂಪನ್ನು ಮಾತ್ರ ಎಸೆಯಬೇಡಿ. ತೊಳೆದು ಒಣಗಿಸಿ, ಕಾಲರಿನ ಮೇಲೆ 24 ಅಥವಾ 28 ಎಂದು ಮಾರ್ಕರಿನಲ್ಲಿ ಬರೆದು ಡ್ರಾಯರಿನಲ್ಲಿ ಹಾಕಿಡಿ.